ಕೆಂಚವ್ವ ನುಂಗಿದ ಅಸ್ತು ಹರಳು

ಒಂದು ಒಗಟು ಹೇಳ್ತೀನಿ, ಬಿಡಿಸಿ. ಹೊಟ್ಟೆಯಲ್ಲಿದ್ದರೂ ಅನ್ನವಲ್ಲ, ಮಾತಾಡಿದರೂ ಮನುಷ್ಯನಲ್ಲ, ಬೈದರೆ ಕೇಳುತ್ತೆ, ಹರಸಿದರೆ ಕಿವುಡು. ಏನದು? ತಲೆ ಕೆರೆದುಕೊಳ್ಳಿ. ಹೇನು ಸಿಕ್ಕೀತು, ಉತ್ತರ ಸಿಗಲ್ಲ. ಅದು ಅಸ್ತು ಹರಳು. ಲೋಕಕ್ಕೆಲ್ಲ ಇದ್ದದ್ದು ಒಂದೇ ಒಂದು. ಅದನ್ನೂ ಒಬ್ಬಳು ನುಂಗಿಬಿಟ್ಟಳು!

ಬಹಳ ಬಹಳ ಹಿಂದೆ, ಮೋಡಗಳು ಸಂಜೆ ಹೊತ್ತು ಕೆರೆಗಿಳಿದು ದನಗಳ ಪಕ್ಕದಲ್ಲೇ ನೀರು ಕುಡಿಯುತ್ತಿದ್ದ ಕಾಲದಲ್ಲಿ, ಮರುಳಗಿರಿ ಅಂತ ಒಂದು ರಾಜ್ಯ. ಅಲ್ಲಿನ ಅರಮನೆಯ ಅಡುಗೆಯವಳು ಕೆಂಚವ್ವ. ಅವಳ ಕೈ ಅಮೃತ, ಬಾಯಿ ಬೆಂಕಿ. ತಾಯಿ ತಂದೆ ಇಲ್ಲದ ರಾಜಕುಮಾರ ಚೆಲುವರಾಯನನ್ನು ಸೊಂಟದ ಮೇಲೆ ಹೊತ್ತು ಸಾಕಿದವಳು ಅವಳೇ. ಒಂದು ತುತ್ತಿಗೆ ಒಂದು ಬೈಗುಳದಂತೆ ಉಣಿಸಿ ಇಪ್ಪತ್ತು ವರ್ಷ ಬೆಳೆಸಿದ್ದಳು.

ಅವತ್ತು ನಡುಹಗಲಿಗೆ ಚೆಲುವರಾಯನಿಗೆ ಪಟ್ಟ. ಆ ಹೊತ್ತಿಗೆ ಸಿಂಹಾಸನ ಖಾಲಿ ಇದ್ದರೆ ಮೊದಲು ಕೂತವನೇ ರಾಜ, ಅದು ಅಲ್ಲಿನ ಕಟ್ಟಳೆ. ಗೂಬೆಮೀಸೆ ಎಂಬ ಮಾಂತ್ರಿಕನಿಗೆ ಇಷ್ಟು ಗೊತ್ತಾದದ್ದೇ ಸಾಕಾಯಿತು. ಮೂರು ಬಾಲದ ಆಮೆಯ ಗಂಟಲಲ್ಲಿ ಸಾವಿರ ವರ್ಷಕ್ಕೊಮ್ಮೆ ಬೆಳೆಯುವ ಅಸ್ತು ಹರಳನ್ನು ಕಿತ್ತು ತಂದ. ನೋಡೋಕೆ ಥೇಟ್ ಕಲ್ಲುಸಕ್ಕರೆ. ಮರುಳಗಿರಿಯಲ್ಲಿ ಒಲೆಗೆ ಹಾಲಿಡುವ ಮೊದಲು ಅಡುಗೆಯವರು ಒಂದು ತುಂಡು ಕಲ್ಲುಸಕ್ಕರೆ ಬಾಯಿಗೆ ಹಾಕಿಕೊಳ್ಳಬೇಕು. ಬಾಯಿ ಸಿಹಿಯಾದರೆ ಅಡುಗೆ ಸಿಹಿಯಂತೆ. ಗೂಬೆಮೀಸೆ ಹರಳನ್ನು ಕಲ್ಲುಸಕ್ಕರೆ ಭರಣಿಯ ಮೇಲ್ಗಡೆಯೇ ಇಟ್ಟು ಮಾಯವಾದ.

ಕೆಂಚವ್ವ ಬಾಯಿಗೆ ಹಾಕಿಕೊಂಡಳು. ಕಡಿದಳು, ಮುರಿಯಲಿಲ್ಲ. ಗುಳುಂ.

ಒಲೆಯ ಮೇಲೆ ಹಾಲು ಉಕ್ಕಿತು.

"ಉಕ್ತೀಯಾ? ಉಕ್ಕು! ಊರೆಲ್ಲ ಹರಿದು ಹಾಳಾಗು!"

ಅವಳ ಹೊಟ್ಟೆಯೊಳಗಿಂದ ಒಂದು ಸಣ್ಣ ದನಿ: "ಅಸ್ತು."

"ಥೂ, ರಾತ್ರಿ ತಿಂದ ಹುರುಳಿ," ಅಂತ ಹೊಟ್ಟೆ ಸವರಿಕೊಂಡಳು. ಹಾಲು ಬಚ್ಚಲ ಕಿಂಡಿಯಲ್ಲಿ ಇಳಿದು ಬೀದಿ ಸೇರಿದ್ದನ್ನು ಅವಳು ನೋಡಲಿಲ್ಲ. ಬೀದಿ ಬೆಕ್ಕುಗಳು ನೋಡಿದವು.

ಮಂತ್ರಿ ದುಗ್ಗಪ್ಪ ಬಾಗಿಲಲ್ಲಿ ಇಣುಕಿದರು. "ಏನವ್ವಾ ಕೆಂಚವ್ವ, ಹೋಳಿಗೆ ರುಚಿ ನೋಡ್ಲಾ?"

"ಬೆಳಗಿಂದ ನಾಲ್ಕು ಸಲ ನೋಡಿದ್ರಲ್ಲ ಸ್ವಾಮಿ! ನಿಮ್ಮ ಹೊಟ್ಟೆ ಬಾನಿ ಆಗ!"

"ಅಸ್ತು."

ಮಂತ್ರಿಗಳ ನಡುಪಟ್ಟಿ ಪಟ್ ಅಂತು. ಹೊಟ್ಟೆ ಮುಂದೆ, ಮಂತ್ರಿಗಳು ಹಿಂದೆ, ಇಬ್ಬರೂ ಹೊರಗೆ ಓಡಿದರು. ಕೆಂಚವ್ವ ಬೆನ್ನು ತಿರುಗಿಸಿ ವಡೆ ಕರಿಯುತ್ತಿದ್ದಳು.

ಆಗ ಚೆಲುವರಾಯ ಕಳ್ಳಹೆಜ್ಜೆಯಲ್ಲಿ ಬಂದು ಒಂದು ವಡೆ ಎತ್ತಿದ.

"ಪಟ್ಟ ಆಗೋವರೆಗೂ ಉಪವಾಸ ಇರ್ಬೇಕು, ಗೊತ್ತಿಲ್ವೇನೋ?"

"ಒಂದೇ ಕಣವ್ವ. ರಾಜ ಆದ್ಮೇಲೆ ಕದಿಯೋಕಾಗಲ್ಲ."

"ಇಡೋ ಕೆಳಗೆ! ಕಳ್ಳ! ಕಲ್ಲಾಗಿ ಬಿದ್ದಿರು!"

"ಅಸ್ತು."

ಪಾದ ಕಲ್ಲಾಯಿತು. ಮಂಡಿ ಕಲ್ಲಾಯಿತು. ಎದೆ ಕಲ್ಲಾಯಿತು. ತುಟಿಯ ಮೇಲಿನ ನಗು ಕೂಡ ಕಲ್ಲಾಗಿ ನಿಂತಿತು. ಕೈಯಲ್ಲಿದ್ದ ವಡೆ ಮಾತ್ರ ಹೊಗೆಯಾಡುತ್ತಿತ್ತು.

ಕೆಂಚವ್ವನ ಕೈಯಿಂದ ಜಾಲರಿ ಬಿತ್ತು. ಅವನ ಕೆನ್ನೆ ಮುಟ್ಟಿದಳು. ತಣ್ಣಗೆ, ಬೀಸೋ ಕಲ್ಲಿನ ಹಾಗೆ.

"ಮಗನೇ... ಮೊದಲಿನ ಹಾಗಾಗೋ. ನೂರು ವರ್ಷ ಬಾಳೋ."

ಹೊಟ್ಟೆ ಉಸಿರೆತ್ತಲಿಲ್ಲ.

ಒಲೆಯ ಹೊಗೆಯೊಳಗಿಂದ ಗೂಬೆಮೀಸೆ ಇಳಿದು ಬಂದ. "ಅದಕ್ಕೆ ಹರಕೆ ಕೇಳಿಸಲ್ಲ ಕಣಮ್ಮ, ಬೈಗುಳ ಒಂದೇ ಕೇಳ್ಸೋದು. ನೀನು ನುಂಗಿರೋದು ಅಸ್ತು ಹರಳು. ಸೂರ್ಯ ಮುಳುಗಿದ ಮೇಲೆ ಇವನು ಎಂದೆಂದಿಗೂ ಕಲ್ಲೇ. ಬಿಡಿಸೋ ದಾರಿ ಗೊತ್ತಿರೋದು ನನಗೊಬ್ಬನಿಗೇ. ನಾನು ಪಟ್ಟಕ್ಕೆ ಕೂತ ಮೇಲೆ ಹೇಳ್ತೀನಿ. ಅಲ್ಲೀವರೆಗೂ ಬಾಯಿ ಮುಚ್ಕೊಂಡಿರು."

ಬೇರೆ ಯಾರಾದರೂ ಆಗಿದ್ದರೆ ಅವನ ಕಾಲು ಹಿಡೀತಿದ್ದರು. ಕೆಂಚವ್ವನಿಗೆ ಪಿತ್ತ ನೆತ್ತಿಗೇರಿತು.

"ನಂಗೇ ಬಾಯಿ ಮುಚ್ಕೋ ಅಂತೀಯೇನೋ! ಹಲ್ಲಿಯಾಗಿ ಗೋಡೆಗೆ ಅಂಟ್ಕೊಳೋ!"

"ಅಸ್ತು."

ಮೀಸೆ ಇರುವ ಹಲ್ಲಿಯೊಂದು ಗೋಡೆ ಹತ್ತಿ ಲೊಚ್ ಲೊಚ್ ಅಂತು. ಗೆದ್ದೆ ಅಂತ ಕೆಂಚವ್ವ ಸೊಂಟದ ಮೇಲೆ ಕೈ ಇಟ್ಟಳು. ಆಮೇಲೆ ಹೊಳೆಯಿತು: ಬಿಡಿಸೋ ದಾರಿ ಗೊತ್ತಿದ್ದವನು ಅವನೊಬ್ಬನೇ!

ಅವಳು ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡು ಕಲ್ಲಿನ ಪಕ್ಕ ಕುಸಿದಳು. ಇನ್ನೊಂದು ಮಾತಾಡಿದರೆ ಇನ್ನೇನಾಗುತ್ತೋ. ಹೊರಗೆ ಪಟ್ಟದ ನಗಾರಿ ಶುರುವಾಯಿತು.

ನಗಾರಿ ಎರಡನೇ ಸಲ ಬಡಿದಾಗ ಅವಳು ಕೈ ತೆಗೆದಳು. ಬೈಗುಳ ಒಂದೇ ಕೇಳುತ್ತಾ? ಹಾಗಾದರೆ ಬೈದೇ ನೋಡೋಣ.

"ಲೇ ಚೆಲುವ! ನಿನಗೆ ಹಾಳು ಹಸಿವು ಹತ್ತ!"

"ಅಸ್ತು."

ಕಲ್ಲಿಗೆ ಎಲ್ಲಿಯ ಹಸಿವು? ಹಸಿಯಬೇಕಾದರೆ ಹೊಟ್ಟೆ ಬೇಕು. ಕಲ್ಲಿನ ನಡುವೆ ಒಂದು ಹೊಟ್ಟೆ ಮೆತ್ತಗಾಗಿ ಗುರ್ ಅಂತು.

"ನಿನ್ನ ಕೈಕಾಲಿಗೆ ಜೋಮು ಹಿಡಿಯ!"

"ಅಸ್ತು." ಕಲ್ಲಿನ ಕೈಕಾಲಲ್ಲಿ ರಕ್ತ ಹರಿಯಿತು.

"ನಿನ್ನ ನೆತ್ತಿಗೆ ಖಾರ ಏರ!"

"ಅಸ್ತು."

ಚೆಲುವರಾಯ ಕೆಮ್ಮಿದ, ಸೀನಿದ, ಕಣ್ಣು ಮೂಗು ಒರೆಸಿಕೊಂಡು ಕುಣಿದ. "ಅಯ್ಯೋ ಕಾಲು! ಅವ್ವಾ, ನೀರು!"

ಕೆಂಚವ್ವ ತಾನು ಬೈದದ್ದು ನೆನಪಾಗಿ ಮಂತ್ರಿಗಳನ್ನು ಕರೆಸಿ, "ನಿಮ್ಮ ಹೊಟ್ಟೆ ಬೆನ್ನಿಗಂಟ" ಅಂತ ಬೈದು ಸರಿ ಮಾಡಿದಳು. ಕೊನೆಗೆ ತನ್ನ ಹೊಟ್ಟೆಗೇ ಬಗ್ಗಿ, "ಎಲೈ ಹರಳೇ, ನೀನು ಪುಡಿಪುಡಿಯಾಗ!" ಅಂದಳು. ಅಳುದನಿಯ "ಅಸ್ತು" ಕೇಳಿತು, ಟಣ್ ಅಂತು, ಮುಗಿಯಿತು. ಮೂರನೇ ನಗಾರಿಗೆ ಚೆಲುವರಾಯ ಪಟ್ಟಕ್ಕೆ ಕೂತ. ಊರಿನವರು ಬೀದಿ ಹಾಲಲ್ಲಿ ಪಾಯಸ ಕಾಯಿಸಿ ಉಂಡರು. ಕೆಂಚವ್ವ ಬೈತಾ ಬಡಿಸಿದಳು, ಯಾರಿಗೂ ಏನೂ ಆಗಲಿಲ್ಲ. ಎಲ್ಲರೂ ಸುಖವಾಗಿದ್ದರು.

ಒಂದು ಮಾತು. ಎರಡನೇ ನಗಾರಿಯಿಂದ ಆಚೆಗಿನದ್ದು ನಾನೇ ಕಟ್ಟಿದ್ದು. ನನಗೆ ಈ ಕತೆ ಹೇಳಿದ ಬುಟ್ಟಿ ಹೆಣೆಯೋ ಸಿದ್ಲಿಂಗವ್ವ, "ಕೆಂಚವ್ವ ಬಾಯಿ ಮುಚ್ಕೊಂಡು ಕೂತಳು, ಇನ್ನೂ ಕೂತೇ ಇದ್ದಾಳೆ" ಅಂದು ಬುಟ್ಟಿ ಎತ್ತಿಕೊಂಡು ಎದ್ದು ಹೋದಳು. ಇನ್ನೂ ಕೂತಿದ್ದಾಳಾ? ಅಲ್ಲೇ? ಮಾತೇ ಆಡದೆ? ಮೂರು ದಿನ ತಡೆದೆ. ನಾಲ್ಕನೇ ದಿನ ನಾನೇ ಹೋಗಿ ಅವಳ ಬಾಯಿಂದ ಕೈ ತೆಗೆಸಿದೆ.