ಯಾರೂ ನೋಡದ ಜಿನೋವಾ

ಲಿಫ್ಟು ಮೇಲಕ್ಕೆ ಹೋಗಬೇಕು.

ಇದು ಪಕ್ಕಕ್ಕೆ ಹೋಗುತ್ತಿತ್ತು!

ಗಾಜಿನ ಡಬ್ಬಿಯಂಥ ಲಿಫ್ಟು. ಗುಡ್ಡದ ಹೊಟ್ಟೆಯೊಳಗೆ ಕೊರೆದ ಸುರಂಗ. ಒಳಗೆ ನಾವು ಮೂವರೇ. ನಾನು, ಗೈಡ್ ಹುಡುಗಿ ನಯನ, ಮತ್ತೆ ಬಾಗಿಲು ಮುಚ್ಚುವ ಕೊನೆ ಗಳಿಗೆಯಲ್ಲಿ ನುಗ್ಗಿದ ಇನ್ನೊಬ್ಬ. ತಲೆಗೆ ಟೋಪಿ. ಮುಖಕ್ಕೆ ಮಾಸ್ಕು.

ಅವನು ಮಾಸ್ಕು ಇಳಿಸಿದ. ನಕ್ಕ.

“ಏನ್ ದೇವ್ರಾಜಣ್ಣ... ಊರೆಲ್ಲಾ ನೋಡ್ದಾ?”

ಇಟಲಿಯ ಹಳೇ ಬಂದರು ಜಿನೋವಾ. ಅದರ ಗುಡ್ಡದ ಹೊಟ್ಟೆಯಲ್ಲಿ ಅಚ್ಚ ಅಜ್ಜಂಪುರದ ಕನ್ನಡ!

ವೇಣು. ಅಜ್ಜಂಪುರದ ರೌಡಿ ಹೊನ್ನೇಶನ ಬಲಗೈ. ತರೀಕೆರೆ ಬಸ್‌ಸ್ಟ್ಯಾಂಡಿನಲ್ಲಿ, ನಡುಹಗಲಿನಲ್ಲಿ, ಸೀಟಿನ ಜಗಳಕ್ಕೆ ಒಬ್ಬನ ಕಿವಿ ಕತ್ತರಿಸಿದ್ದವನು. ಕತ್ತರಿಸಿದ ಮೇಲೆ ಅದೇ ಸೀಟಿನಲ್ಲಿ ಕೂತು ಕಡೂರಿನವರೆಗೆ ನಿದ್ದೆ ಮಾಡಿದ್ದವನು.

ಈಗ ಕೈಯಲ್ಲಿ ಮೀನು ಸೀಳುವ ಚಾಕು. ಮಚ್ಚನ್ನು ವಿಮಾನಕ್ಕೆ ಹತ್ತಿಸುವುದಿಲ್ಲ, ಪಾಪ. ಬಂದರಿನ ಅಂಗಡಿಯಲ್ಲಿ ಕೊಂಡಿರಬೇಕು.

“ಥ್ಯಾಂಕ್ಸ್ ಕಣಣ್ಣ,” ಎಂದ. “ಇವ್ಳು ಎಲ್ಲವ್ಳೆ ಅಂತ ನಮಗೆ ಗೊತ್ತಾಗ್ಲಿಲ್ಲ. ನೀನು ಹುಡುಕ್ದೆ. ಫೋಟೋ ಮೇಲೆ ಫೋಟೋ ಕಳಿಸ್ದೆ. ನಾನು ಹಿಂದಿಂದೆ ಬಂದೆ.”

ಫೋಟೋ!

ಅದನ್ನು ನಾನು ಕಳಿಸಿದ್ದು ಒಬ್ಬರಿಗೇ. ನನ್ನ ಕ್ಲೈಂಟಿಗೆ. ಕಾಣೆಯಾದವರನ್ನು ಹುಡುಕಿಕೊಡುವುದು ನನ್ನ ಕಸುಬು.

ಜಯಲಕ್ಷ್ಮಮ್ಮ. ಅಜ್ಜಂಪುರದ ಹತ್ತಿರ ಒಣಭೂಮಿ, ತೆಂಗಿನ ತೋಟ ಇರುವ ದೊಡ್ಡ ಮನೆಯವರು. ಹೊನ್ನೇಶ ಅವರ ಒಡಹುಟ್ಟಿದ ತಮ್ಮ. ಗಂಡ ನಂಜುಂಡಪ್ಪ ತೋಟದ ನೀರಿನ ತೊಟ್ಟಿಗೆ ಬಿದ್ದು ತೀರಿಕೊಂಡರು. ಅದೇ ವಾರ ಅವರ ಮೈದುನನ ಮಗಳು ನಯನ ಮನೆ ಬಿಟ್ಟು ಹೋದಳು. ತಂದೆ ತಾಯಿ ಇಲ್ಲದ ಹುಡುಗಿ. ಅವರೇ ಸಾಕಿದ್ದು.

“ಒಂದ್ಸಲ ಮುಖ ನೋಡಿದ್ರೆ ಸಾಕು ಕಣಪ್ಪಾ...” ಅಂತ ನನ್ನೆದುರು ಕೂತು ಅತ್ತರು. “ಸಿಕ್ರೆ ಅವ್ಳು ಓಡಾಡೋ ಜಾಗದ ಫೋಟೋನಾದ್ರೂ ಕಳ್ಸು.”

ತಾಯಿಯಂಥ ಹೆಂಗಸು. ಹಣೆಯ ಮೇಲೆ ವಿಭೂತಿ. ನಂಬಿದೆ ಸ್ವಾಮಿ.

ಹುಡುಕಿದೆ. ಟೂರಿಸಂ ಓದಿದ್ದ ಹುಡುಗಿ ಹಡಗಿನಲ್ಲಿ ಕೆಲಸಕ್ಕೆ ಸೇರಿ, ಹಡಗು ನಿಂತ ಊರಿನಲ್ಲೇ ಇಳಿದುಕೊಂಡಿದ್ದಳು. ಹಡಗಿನಲ್ಲಿ ಬರುವ ಪ್ರವಾಸಿಗರಿಗೆ ಊರು ತೋರಿಸುವ ಕೆಲಸ. ಎಲ್ಲರೂ ನೋಡುವ ಅರಮನೆ, ದೀಪಸ್ತಂಭ ಅಲ್ಲ. ಅವಳ ಬೋರ್ಡಿನ ಮೇಲೆ ಇಂಗ್ಲಿಷಿನಲ್ಲಿ ಬರೆದಿದ್ದದ್ದು... ಯಾರೂ ನೋಡದ ಜಿನೋವಾ.

ಶಿವಮೊಗ್ಗದ ಟೂರಿಸ್ಟ್ ಎಂದು ಸುಳ್ಳು ಹೇಳಿದೆ. ಮೊದಲು ಬೆಚ್ಚಿದಳು. ಆಮೇಲೆ ಕನ್ನಡ ಮಾತಿನ ಆಸೆಗೆ ಬಿದ್ದಳು. ಕೈ ಚಾಚಿದರೆ ಎರಡೂ ಕಡೆ ಗೋಡೆ ತಾಗುವ ಗಲ್ಲಿಗಳನ್ನು ತೋರಿಸಿದಳು. ಮೂಲೆ ಮೂಲೆಯ ಗೋಡೆಯಲ್ಲಿ ಗೂಡು. ಗೂಡಿನಲ್ಲಿ ಕೂಸನ್ನೆತ್ತಿಕೊಂಡ ಮೇರಿ ತಾಯಿ. ಕೆಳಗೊಂದು ದೀಪ. ನಾನು ಪ್ರತಿ ಗೂಡಿಗೂ ಕೈ ಮುಗಿದೆ. ಪ್ರತಿ ಗೂಡಿನ ಫೋಟೋ ತೆಗೆದು ಜಯಲಕ್ಷ್ಮಮ್ಮನಿಗೆ ಕಳಿಸಿದೆ.

ಕೈ ಮುಗಿದ ಕೈಯಲ್ಲೇ ಹುಡುಗಿಯನ್ನು ಹಿಡಿದುಕೊಟ್ಟಿದ್ದೆ!

ನಯನ ನನ್ನನ್ನು ನೋಡಿದಳು. ಆ ನೋಟ ಚಾಕುವಿಗಿಂತ ಚೂಪಾಗಿತ್ತು.

“ನೀವು... ದೊಡ್ಡಮ್ಮ ಕಳ್ಸಿದೋರಾ?”

“ಹೌದು ತಾಯಿ. ಆದ್ರೆ...”

“ಸಾಕು ಮಾತು!” ವೇಣು ಮುಂದೆ ಬಂದ. “ಸರಿಯಣ್ಣ. ನಿಂಗೂ ನಂಗೂ ಜಗಳ ಇಲ್ಲ. ನೀನು ಆ ಕಡೆ ತಿರುಗ್ಕೊಂಡು ಸುರಂಗ ನೋಡ್ತಾ ಇರು.”

ಆಗ ನಯನ ಗಾಜಿನಾಚೆ ನೋಡಿ, ತೀರಾ ತಣ್ಣಗೆ ಅಂದಳು:

“ಕಂಬಿ ಹಿಡ್ಕೊಳಿ.”

ಯಾಕೆಂದು ಕೇಳಲಿಲ್ಲ. ಹಿಡಿದೆ.

ಧಡ್!

ಪಕ್ಕಕ್ಕೆ ಹೋಗುತ್ತಿದ್ದ ಡಬ್ಬಿ ಸುರಂಗದ ಕೊನೆಗೆ ಬಂದು ನಿಂತಿತು. ಕುಲುಕಿತು. ಅಲ್ಲಿಂದ ಸೀದಾ ಮೇಲಕ್ಕೆ! ಪ್ರಪಂಚದಲ್ಲಿ ಇಂಥ ಲಿಫ್ಟು ಇದೆಯೆಂದು ವೇಣುವಿಗೆ ಹೇಗೆ ಗೊತ್ತಿರಬೇಕು? ಮುಗ್ಗರಿಸಿದ. ಅವನ ಕೈ ಹಿಡಿದು ಕಂಬಿಗೆ ಬಡಿದೆ. ಒಣಗಿದ ತೆಂಗಿನ ಗರಿ ಮುರಿದಂಥ ಸದ್ದು. ಮಣಿಕಟ್ಟು ಹೋಯಿತು. ಆದರೂ ಚಾಕು ಎಡಗೈಗೆ ದಾಟಿಸಿಕೊಂಡ, ಭಂಡ! ನನ್ನ ಪಕ್ಕೆ ಬಿಸಿಯಾಯಿತು. ನೋಡಿದರೆ ಅಂಗಿ ಕೆಂಪು.

ಹಣೆಯಿಂದ ಅವನ ಮೂಗಿಗೆ ಗುದ್ದಿದೆ. ಮತ್ತೆ ಗುದ್ದಿದೆ. ಗಾಜಿನ ತುಂಬ ರಕ್ತ.

ಬಾಗಿಲು ತೆರೆಯಿತು. ಗುಡ್ಡದ ತುದಿ. ಕೆಳಗೆ ಇಡೀ ಊರು. ಕಪ್ಪು ಹಂಚು, ಹಡಗು, ಸಮುದ್ರ. ಎಂಥ ನೋಟ! ನೋಡಲು ಪುರುಸೊತ್ತಿರಲಿಲ್ಲ.

“ಓಡು!”

ಓಡಿದೆವು. ಕಲ್ಲಿನ ಮೆಟ್ಟಿಲು. ಮನೆಗಳ ಸಂದಿಯಲ್ಲಿ ಇಳಿಜಾರು. ನಯನ ಓಡುತ್ತಲೇ ಫೋನಿನಲ್ಲಿ ಇಟಾಲಿಯನ್ ಭಾಷೆಯಲ್ಲಿ ಕೂಗುತ್ತಿದ್ದಳು.

“ಪೊಲೀಸ್ ಬರ್ತಾರಾ?”

“ಬರ್ತಾರೆ. ಆದ್ರೆ ಈ ಸಂದೀಲಿ ಜೀಪ್ ನುಗ್ಗಲ್ಲ. ನಡ್ಕೊಂಡೇ ಬರ್ಬೇಕು!”

“ನಾನು ಗೊತ್ತಿಲ್ದೆ ಮಾಡ್ದೆ ಕಣಮ್ಮ...”

“ನಿಮ್ಮನ್ನ ಆಮೇಲೆ ಬೈತೀನಿ. ಈಗ ಎಡಕ್ಕೆ!”

ಎಡಕ್ಕೆ ತಿರುಗಿದರೆ ಮನೆಗಳ ನಡುವೆ ಒಂದು ಪುಟ್ಟ ಚೌಕ. ಅಲ್ಲಿ ಸಾಲಾಗಿ ಕಲ್ಲಿನ ತೊಟ್ಟಿಗಳು. ಹಿಂದಿನ ಕಾಲದಲ್ಲಿ ಕೇರಿಯ ಹೆಂಗಸರು ಬಟ್ಟೆ ಒಗೆಯುತ್ತಿದ್ದ ಜಾಗವಂತೆ. ರಾತ್ರಿ ಮಳೆ ಬಂದು ತುಂಬಿದ್ದವು. ಬೇರೆ ದಿನವಾಗಿದ್ದರೆ ಒಂದು ಗಳಿಗೆ ಕೂತು ಆ ಕೈಗಳನ್ನೆಲ್ಲ ನೆನೆಯುತ್ತಿದ್ದೆ.

ಅಲ್ಲೊಬ್ಬ ಸ್ಕೂಟರ್ ಒರಗಿಸಿಕೊಂಡು ನಿಂತಿದ್ದ. ಬೋಳುತಲೆ. ಅದೇ ಊರಿನವನು. ಕೈಯಲ್ಲಿ ಚೈನು.

ವೇಣು ಬಾಡಿಗೆಗೆ ಆಳು ಹಿಡಿದಿದ್ದ!

ಚೈನು ಬೀಸಿದ. ಭುಜಕ್ಕೆ ಬಿತ್ತು. ಎರಡನೇ ಬೀಸಿಗೆ ಅದನ್ನು ಹಿಡಿದು ಎಳೆದೆ. ಬೋಳುತಲೆಯವನು ಬಂದು ನನ್ನ ಮೇಲೆ ಬಿದ್ದ. ಹೊರಳಿದೆ. ಅವನ ಕತ್ತು ಹಿಡಿದು ತೊಟ್ಟಿಯಲ್ಲಿ ಅದ್ದಿದೆ. ಕಾಲು ಬಡಿದ. ಒತ್ತಿ ಹಿಡಿದೆ. ಗುಳ್ಳೆ ಬಂತು... ಗುಳ್ಳೆ ನಿಂತಿತು...

“ಬಿಡ್ರೀ ಅವ್ನನ್ನ!”

ನಯನ ನನ್ನ ಬೆನ್ನಿಗೆ ಬಡಿಯುತ್ತಿದ್ದಳು.

“ದೊಡ್ಡಪ್ಪನ್ನೂ ಹಿಂಗೇ ಮಾಡಿದ್ದು! ಹೊನ್ನೇಶ ಕತ್ತು ಹಿಡ್ಕೊಂಡಿದ್ದ. ದೊಡ್ಡಮ್ಮ ಕಾಲು ಹಿಡ್ಕೊಂಡಿದ್ಳು. ತೋಟ ನನ್ನ ಹೆಸ್ರಿಗೆ ಮಾಡ್ತೀನಿ ಅಂದಿದ್ರು ದೊಡ್ಡಪ್ಪ, ಅಷ್ಟಕ್ಕೇ! ನಾನು ತೆಂಗಿನ ಮರದ ಹಿಂದೆ ನಿಂತಿದ್ದೆ ಕಣ್ರೀ... ಕೂಗ್ಲಿಲ್ಲ... ಬಿಡ್ರೀ!”

ಬಿಟ್ಟೆ.

ಬೋಳುತಲೆಯವನು ಕೆಮ್ಮಿದ. ಕಕ್ಕಿದ. ಬದುಕಿದ್ದ. ಚೈನಿನಿಂದ ಅವನನ್ನು ಅವನ ಸ್ಕೂಟರಿಗೇ ಕಟ್ಟಿದೆ. ನನ್ನ ಕೈಗಳನ್ನು ನಾನೇ ನೋಡಿಕೊಂಡೆ. ಹೊನ್ನೇಶನ ಕೈಗೂ ಇದಕ್ಕೂ ವ್ಯತ್ಯಾಸ ಇದ್ದದ್ದು ಒಬ್ಬ ಹುಡುಗಿಯ ಕೂಗಿನಷ್ಟು. ಅಷ್ಟೇ.

“ಊರಿಗೆ ಬಾ ತಾಯಿ,” ಎಂದೆ. “ನೋಡಿದ್ದನ್ನ ಜಡ್ಜ್ ಮುಂದೆ ಹೇಳು.”

“ಬರಲ್ಲ. ಬಂದ್ರೆ ನನ್ನನ್ನೂ ಮುಳುಗಿಸ್ತಾರೆ.”

“ಬರ್ದೇ ಇದ್ರೂ ಮುಳುಗಿಸ್ತಾರೆ. ನೋಡ್ದೆಯಲ್ಲ.”

ಅವಳು ಉತ್ತರ ಕೊಡುವ ಮೊದಲೇ ಮೇಲಿನ ಮೆಟ್ಟಿಲಿನಿಂದ ಕೂಗು ಕೇಳಿತು. “ಲೇ ದೇವ್ರಾಜಾ!” ಹೆಸರಿನ ಹಿಂದಿನ ‘ಅಣ್ಣ’ ಹೋಗಿತ್ತು. ವೇಣು ಮೂಗಿಗೆ ಟೋಪಿ ಒತ್ತಿಕೊಂಡು ಇಳಿಯುತ್ತಿದ್ದ. ಎಡಗೈಯಲ್ಲಿ ಚಾಕು.

ಮತ್ತೆ ಓಟ. ಬಂದರಿನ ಕಡೆಯ ಗಲ್ಲಿಗಳು. ಹಗಲಲ್ಲೂ ಕತ್ತಲೆ. ನನ್ನ ಪಕ್ಕೆಯ ರಕ್ತ ಸೊಂಟಕ್ಕೆ ಇಳಿದಿತ್ತು.

“ಇಲ್ಲಿ! ಒಳಕ್ಕೆ!”

ಒಂದರ ತಲೆಯ ಮೇಲೆ ಇನ್ನೊಂದು ಕಟ್ಟಿದ ಚರ್ಚು. ಮೇಲಿನದಕ್ಕೆ ಜನ ಹೋಗುತ್ತಾರಂತೆ. ಕೆಳಗಿನದು ಅರ್ಧ ನೆಲದೊಳಗೆ. ಯಾರಿಗೂ ಬೇಡವಾದ ಬಾಗಿಲು. ತಳ್ಳಿ ಒಳಗೆ ಹೋಗಿ ದಪ್ಪ ಕಂಬದ ಹಿಂದೆ ಕೂತೆವು. ತಗ್ಗು ಕಮಾನು. ಒಂದೇ ದೀಪ. ನಮ್ಮ ಕಡೆಯ ಹಳೇ ಗುಡಿಯ ಗರ್ಭಗುಡಿಯಲ್ಲಿರುತ್ತದಲ್ಲ, ಅಂಥ ತಂಪು. ಅಂಥ ಮೌನ. ಸಾಯುವುದಿದ್ದರೆ ಇಲ್ಲೇ ಆಗಲಿ ಅನ್ನಿಸಿತು.

ಅಂಗಾಲು ತಣ್ಣಗಾಯಿತು.

ನೋಡಿಕೊಂಡೆ.

ಬರಿಗಾಲು!

ನಯನಳೂ ನೋಡಿದಳು. “ಚಪ್ಪಲಿ ಎಲ್ಲಿ?”

“ಬಾಗ್ಲಲ್ಲಿ ಬಿಟ್ಟೆ...”

“ಅಯ್ಯೋ! ಇಲ್ಲಿ ಯಾರೂ ಬಿಡಲ್ಲ ಕಣ್ರೀ!”

ಬಿಟ್ಟಿದ್ದು ನನಗೇ ಗೊತ್ತಿಲ್ಲ ಸ್ವಾಮಿ! ಹಿಂದೆ ಚಾಕು, ಪಕ್ಕೆಯಲ್ಲಿ ರಕ್ತ, ಪ್ರಾಣ ಬಾಯಲ್ಲಿ... ಆದರೂ ಹೊಸಲು ಕಂಡ ಕೂಡಲೇ ಕಾಲು ತನ್ನ ಕೆಲಸ ತಾನು ಮಾಡಿಬಿಟ್ಟಿತ್ತು. ಇಡೀ ಜಿನೋವಾದಲ್ಲಿ ಅವತ್ತು ಬಾಗಿಲಲ್ಲಿ ಚಪ್ಪಲಿ ಇದ್ದ ಚರ್ಚು ಅದೊಂದೇ. ಅದೂ ಅಕ್ಕಪಕ್ಕ ಜೋಡಿಸಿಟ್ಟ ಚಪ್ಪಲಿ!

ಹೊರಗೆ ಹೆಜ್ಜೆ ನಿಂತಿತು.

ನಗು.

“ದೇವ್ರಾಜಣ್ಣೋ... ನಿನ್ ಚಪ್ಪಲಿ ಸಿಕ್ತು ಕಣೋ!”

ಬಾಗಿಲು ಕಿರುಗುಟ್ಟಿತು. ಬೆಳಕಿನಲ್ಲಿ ಅವನ ನೆರಳು. ಇನ್ನೊಂದು ಹೆಜ್ಜೆ, ಮುಗಿಯಿತು ಅಂದುಕೊಂಡೆ.

ನೆರಳು ಬಗ್ಗಿತು.

ಏನು ತೆಗೆಯುತ್ತಿದ್ದಾನೆ? ಪಿಸ್ತೂಲಾ?

ಅಲ್ಲ. ಶೂ! ಹೊಸಲಲ್ಲಿ ಒಂದು ಮೊಣಕಾಲೂರಿ, ಚಾಕುವನ್ನು ಹಲ್ಲಲ್ಲಿ ಕಚ್ಚಿಕೊಂಡು, ಇದ್ದ ಒಂದು ಕೈಯಲ್ಲಿ ಶೂ ಲೇಸು ಬಿಚ್ಚುತ್ತಿದ್ದ!

ಕೊಲ್ಲಲು ಬಂದವನು. ನನ್ನ ಚಪ್ಪಲಿ ಕಂಡು ನಕ್ಕವನು. ಅವನ ಕಾಲೂ ನಮ್ಮ ಕಡೆಯದೇ. ಬಿಟ್ಟ ಚಪ್ಪಲಿಯ ಪಕ್ಕ ತನ್ನದನ್ನೂ ಬಿಡದೆ ಒಳಗೆ ಬರಲು ಅವನ ಕೈಲಾಗಲಿಲ್ಲ.

ಪಕ್ಕದಲ್ಲಿ ಕಬ್ಬಿಣದ ಮೇಣದಬತ್ತಿ ಕಂಬ ಇತ್ತು. ಎತ್ತಿಕೊಂಡೆ.

“ತಪ್ಪಾಯ್ತು ತಾಯಿ,” ಎಂದೆ. ಯಾವ ತಾಯಿಗೆ ಹೇಳಿದೆನೋ! ಎದುರಿಗೆ ಮೇರಿ ಇದ್ದಳು. ಮನಸ್ಸಿನಲ್ಲಿ ನಮ್ಮ ಕಡೆಯ ದೇವಿ ಅಂತರಘಟ್ಟಮ್ಮ ಇದ್ದಳು. ಇಬ್ಬರೂ ಬೇಡ ಅನ್ನಲಿಲ್ಲ.

ಬೀಸಿದೆ.

ಹೆಗಲಿಗೆ ಬಿತ್ತು. ಚಾಕು ಹಲ್ಲಿನಿಂದ ಜಾರಿ ಅವನ ತುಟಿಯನ್ನೇ ಸೀಳಿತು. ಆದರೂ ಎದ್ದ! ಒಂದು ಕಾಲಿಗೆ ಶೂ, ಒಂದು ಕಾಲು ಕಾಲುಚೀಲದಲ್ಲಿ. ನನ್ನ ಗಾಯಕ್ಕೆ ಬೆರಳು ತೂರಿಸಿ ಹಿಂಡಿದ. ಕಣ್ಣು ಕತ್ತಲಿಟ್ಟಿತು. ಕಂಬ ಕೈಬಿಟ್ಟಿತು. ಇಬ್ಬರೂ ಉರುಳಿದೆವು. ಅವನ ಎಡಗೈ ನೆಲದ ಮೇಲೆ ಚಾಕುವಿಗಾಗಿ ತಡಕುತ್ತಿತ್ತು. ಸಿಕ್ಕಿತು. ಎತ್ತಿದ...

ನಯನ ಬಂದಳು. ಅವನ ಮುರಿದ ಮಣಿಕಟ್ಟಿನ ಮೇಲೆ ಕಾಲಿಟ್ಟು ನಿಂತಳು. ಪೂರ್ತಿ ಭಾರ ಬಿಟ್ಟು ನಿಂತಳು.

ಆ ಕಿರುಚಾಟ ಮೇಲಿನ ಚರ್ಚಿಗೂ ಕೇಳಿರಬೇಕು!

ನಾನು ಮತ್ತೆ ಕಂಬ ಎತ್ತಿದೆ. ಮೊಣಕಾಲಿಗೊಂದು. ಪಕ್ಕೆಗೊಂದು. ಅವನ ಕೈ ಮೇಲೇಳುವುದು ನಿಂತ ಮೇಲೆ ನಾನೂ ನಿಲ್ಲಿಸಿದೆ. ಈ ಸಲ ಯಾರೂ ಹೇಳಬೇಕಾಗಲಿಲ್ಲ. ಅರ್ಧ ಬಿಚ್ಚಿದ ಲೇಸನ್ನು ನಯನಳೇ ಎಳೆದು ತೆಗೆದು ಅವನ ಕೈ ಕಟ್ಟಿದಳು.

“ಯಾರೋ ನಿನ್ನ ಕಳ್ಸಿದ್ದು?” ಎಂದೆ.

“ಅಕ್ಕ...” ಎಂದ, ರಕ್ತ ಉಗುಳುತ್ತ. “ಹೊನ್ನೇಶಣ್ಣ ಬ್ಯಾಡ ಅಂದ. ಅಕ್ಕನೇ ಹೋಗು ಅಂದ್ಳು.”

ಅವನ ಜೇಬು ಗುಂಯ್‌ಗುಟ್ಟಿತು.

ಫೋನು. ತೆಗೆದೆ. ಪರದೆಯ ಮೇಲೆ ಜಯಲಕ್ಷ್ಮಮ್ಮನ ಹೆಸರು. ಸ್ಪೀಕರ್ ಒತ್ತಿದೆ.

“ಆಯ್ತೇನೋ ವೇಣು?” ಅದೇ ತಾಯಿಯಂಥ ದನಿ. “ಆ ದೇವ್ರಾಜ ಒಳ್ಳೆಯವ್ನು ಕಣೋ, ಅವ್ನಿಗೆ ನೋವಾಗ್ದಂಗೆ ಮುಗ್ಸು.”

ನಾನು ಬಾಯಿ ತೆರೆದೆ. ನಯನ ಕೈ ಚಾಚಿ ಫೋನು ತೆಗೆದುಕೊಂಡಳು. ಅವಳ ಮುಖದಲ್ಲಿ ಬಣ್ಣವಿರಲಿಲ್ಲ. ಆದರೆ ದನಿ ನಡುಗಲಿಲ್ಲ.

“ನಾನು ನಯನ, ದೊಡ್ಡಮ್ಮ.”

ಆ ಕಡೆ ದೂರದಲ್ಲಿ ಕುಕ್ಕರ್ ಸೀಟಿ ಹೊಡೆಯಿತು. ಯಾವುದೋ ನಾಯಿ ಬೊಗಳಿತು. ತೋಟದ ಮನೆಯ ಸದ್ದು ಸಮುದ್ರ ದಾಟಿ ಬಂದು ಆ ನೆಲಮಾಳಿಗೆಯ ಕಮಾನಿನ ಕೆಳಗೆ ತುಂಬಿಕೊಂಡಿತು.

ಜಯಲಕ್ಷ್ಮಮ್ಮ ಕೇಳಿದರು:

“...ಊಟ ಆಯ್ತಾ ಕಂದಾ?”

ನಯನ ಕಣ್ಣು ಮುಚ್ಚಿದಳು.

“ಇನ್ನೂ ಇಲ್ಲ. ಊರಿಗೆ ಬರ್ತಿದೀನಿ ದೊಡ್ಡಮ್ಮ. ದೊಡ್ಡಪ್ಪನ ಕಾಲು ಯಾರು ಹಿಡ್ಕೊಂಡಿದ್ರು ಅಂತ ಹೇಳಿಬಿಟ್ಟು, ಆಮೇಲೆ ಉಣ್ತೀನಿ.”

ಫೋನು ಕಟ್ ಮಾಡಿದಳು. ಕಂಬಕ್ಕೊರಗಿ ಕೂತು, ಆಗ ಅತ್ತಳು. ಮೆಟ್ಟಿಲಲ್ಲಿ ಬೂಟುಗಳ ಸದ್ದಾಯಿತು. ಪೊಲೀಸರು ನಡೆದುಕೊಂಡೇ ಬಂದಿದ್ದರು.

ಬಂದಳು ಸ್ವಾಮಿ, ಹೇಳಿದಂತೆಯೇ ಬಂದಳು. ಕಡೂರಿನಲ್ಲಿ ರೈಲಿನಿಂದ ಇಳಿದದ್ದು ಹಗಲಿನಲ್ಲಿ, ಎಲ್ಲರ ಕಣ್ಣೆದುರಿಗೆ. ಸ್ಟೇಷನ್ ಹೊರಗೆ ಹೊನ್ನೇಶನ ಹುಡುಗರು ಒಂದು ಪ್ರಯತ್ನ ಮಾಡಿದರು. ಅವರಲ್ಲಿ ಒಬ್ಬ ಇವತ್ತಿಗೂ ಎಡಗೈಯಲ್ಲೇ ಉಣ್ಣುತ್ತಾನೆ. ಕೋರ್ಟಿನ ಕಟಕಟೆ ಹತ್ತಿ ಹುಡುಗಿ ಎಲ್ಲ ಹೇಳಿದಳು. ಒಂದು ಸಲವೂ ತಲೆ ತಗ್ಗಿಸಲಿಲ್ಲ. ಅಕ್ಕ ತಮ್ಮ ಇಬ್ಬರೂ ಒಳಗೆ ಹೋದರು. ಹೋಗುವಾಗ ಜಯಲಕ್ಷ್ಮಮ್ಮ ನನ್ನ ಮುಂದೆ ನಿಂತು, “ನಿನ್ನ ನಂಬಿದ್ದೆ ಕಣಪ್ಪಾ,” ಎಂದರು. ಅವರ ಕಣ್ಣಲ್ಲಿ ನಿಜವಾಗಿಯೂ ನೀರಿತ್ತು. ಅದನ್ನು ನೆನೆದರೆ ಇವತ್ತಿಗೂ ಮೈ ಜುಮ್ಮೆನ್ನುತ್ತದೆ.

ನಯನ ತೋಟವನ್ನು ಮಾರಲಿಲ್ಲ, ಅಲ್ಲಿ ಉಳಿಯಲೂ ಇಲ್ಲ. ತೊಟ್ಟಿಯನ್ನು ಒಡೆಸಿ, ಮತ್ತೆ ಜಿನೋವಾಕ್ಕೇ ಹೋದಳು. ಜನರಿಗೆ ಗಲ್ಲಿಗಳನ್ನು ತೋರಿಸುತ್ತಿದ್ದಾಳೆ.

ಕ್ಲೈಂಟನ್ನೇ ಜೈಲಿಗೆ ಕಳಿಸಿದವನ ಹತ್ತಿರ ಇನ್ನು ಯಾರು ಬರುತ್ತಾರೆ ಅಂತ ತರೀಕೆರೆಯವರೆಲ್ಲ ನಕ್ಕರು. ನೀವು ಬಂದಿರಲ್ಲ!

ಯಾರನ್ನು ಹುಡುಕಬೇಕು ಅಂತ ಆಗಲೇ ಹೇಳಿದಿರಿ. ಫೋಟೋನೂ ಕೊಟ್ಟಿರಿ. ಹುಡುಕುತ್ತೇನೆ, ಸಿಗುತ್ತಾರೆ. ಆದರೆ ಅದಕ್ಕೆ ಮೊದಲು, ನನ್ನ ಮುಖ ನೋಡಿಕೊಂಡು ಇದೊಂದನ್ನು ಹೇಳಿ...

ಸಿಕ್ಕಿದ ಮೇಲೆ ಕಾಲು ಹಿಡಿಯುವವರು ಯಾರು?