ಮೂರನೇ ಹಾಡು ಮುಟ್ಟಬೇಡಿ!

ಕತ್ತಿ ನನ್ನ ಮೂಗಿನಿಂದ ಒಂದು ಗೇಣು ದೂರದಲ್ಲಿತ್ತು.

"ಅಲ್ಲೇ ನಿಲ್ಲಿ!" ಅಂದ ಕತ್ತಿ ಹಿಡಿದವನು.

ನಿಂತೆ. ಹಿಂದೆ ಗೋಡೆ. ಎಡಕ್ಕೆ ಬಂಗುಡೆ ಮೀನಿನ ಬುಟ್ಟಿಗಳ ರಾಶಿ. ಬಲಕ್ಕೆ ಬಂದರಿನ ಕೊಳಕು ನೀರು. ನನ್ನ ಹತ್ತಿರ ಇದ್ದದ್ದು ಒಂದು ಕೊಡೆ ಮತ್ತು ಒಂದು ಬಿ.ಎ. ಡಿಗ್ರಿ. ಆ ಹೊತ್ತಿಗೆ ಕೊಡೆಯ ಮೇಲೇ ಹೆಚ್ಚು ಭರವಸೆ.

"ಪ್ಲೇಟ್ ಎಲ್ಲಿ, ಅಯ್ಯೂಬ್?"

ಧ್ವನಿ ನಡುಗಲಿಲ್ಲ. ಕಾಲು ನಡುಗಿತು. ಸೀರೆ ಉಟ್ಟರೆ ಅದೊಂದು ಅನುಕೂಲ... ಕಾಲು ಯಾರಿಗೂ ಕಾಣುವುದಿಲ್ಲ.

"ನಾನು ಕಳ್ಳ ಅಲ್ಲ!"

"ಕಳ್ಳ ಅಂತ ಯಾರು ಹೇಳಿದ್ದು?"

"ನೀವು ಮನೆ ಬಾಗಿಲಿಗೆ ಬಂದ್ರೆ ಅದೇ ಅರ್ಥ ಅಲ್ವಾ? ಇಡೀ ಬಂದರಿಗೆ ಗೊತ್ತುಂಟು!"

ಅದು ಸುಳ್ಳಲ್ಲ. ನನ್ನ ಹೆಸರು ದೇಯಿ. ಹಂಪನಕಟ್ಟೆಯಲ್ಲಿ, ಮಹಡಿಯ ಮೇಲೆ, ಅಹ್ಮದ್ ಬಾವ ಅವರ ರೆಕಾರ್ಡ್ ಲೈಬ್ರರಿ. ಜನ ಗ್ರಾಮೊಫೋನ್ ಪ್ಲೇಟ್ ಕೊಂಡುಹೋಗುತ್ತಾರೆ. ಹಿಂದೆ ತರುವುದಿಲ್ಲ. ನಾನು ಹೋಗಿ ತರುತ್ತೇನೆ. ಕೈಯಿಂದ ಕಿತ್ತು ತಂದದ್ದುಂಟು, ಅಟ್ಟದಿಂದ ಇಳಿಸಿ ತಂದದ್ದುಂಟು. ಹೆದರಿಕೆಯ ಹೆಂಗಸು ನಾನು. ಬೀಗ ಹಾಕಿದ ಮೇಲೆ ಮೂರು ಸಲ ಎಳೆದು ನೋಡುತ್ತೇನೆ. ಹೆದರುವವರಿಗೆ ಎಲ್ಲವೂ ಕಾಣುತ್ತದೆ, ಅಷ್ಟೇ.

ಈಗ ಅಯ್ಯೂಬನ ಎಡಗೈಯಲ್ಲಿದ್ದ ತೆಂಗಿನ ಹುರಿಹಗ್ಗ ಕಂಡಿತು. ಕಾಲ ಬುಡದಲ್ಲಿ ಅರ್ಧ ಕಟ್ಟಿದ ಲೌಡ್‌ಸ್ಪೀಕರಿನ ಹಾರ್ನ್. ಓ... ಅವನು ಹಗ್ಗ ಕೊಯ್ಯುತ್ತಿದ್ದ!

"ಮೊದಲು ಆ ಕತ್ತಿ ಇಳಿಸು, ಮಾರಾಯ. ನನಗೆ ಎದೆ ಡವಡವ ಅನ್ತದೆ."

ಅವನು ಕತ್ತಿ ನೋಡಿದ. ನಾಚಿಕೊಂಡ. ಬೆನ್ನ ಹಿಂದೆ ಅಡಗಿಸಿದ.

"ಲಿಗೋರಿ ಪೊರ್ಬುಗಳ ಮನೆಯಿಂದ ಬೆಳಿಗ್ಗೆ ಪ್ಲೇಟ್ ತಂದದ್ದು ನೀನೇ ಅಲ್ವಾ?"

"ಹೌದು. ನಮ್ಮ ಮೈಕ್‌ಸೆಟ್ಟಿನ ಶೀನಪ್ಪಣ್ಣ ಹೇಳಿದ್ರು. ಮದುವೆಗೆ ಹಾಕ್ಲಿಕ್ಕೆ ಅವರ ಮನೆಯಲ್ಲಿರುವ ಪ್ಲೇಟ್ ಎಲ್ಲಾ ತಕೊಂಡು ಬಾ ಅಂತ. ಅತ್ತೆಯೊಬ್ರು ಎತ್ತಿ ಕೊಟ್ರು. ಪೆಟ್ಟಿಗೆಯಲ್ಲಿ ಇಟ್ಟೆ. ನನ್ನದೆಂತ ತಪ್ಪು?"

"ಅದರಲ್ಲಿ ಒಂದು ದೊಡ್ಡದು ಇತ್ತಾ? ತೆಳು? ಬಾಗುವಂಥದ್ದು?"

"ಇತ್ತು. ಪಾಪ, ಅಂಗಿ ಇರ್ಲಿಲ್ಲ ಅದಕ್ಕೆ."

ಅಂಗಿ ನನ್ನ ಕಂಕುಳಲ್ಲಿತ್ತು; ಪ್ಲೇಯರ್ ಇಡಲು ಲಿಗೋರಿಯವರ ಮನೆಗೆ ಹೋದಾಗ ಸಿಕ್ಕಿದ್ದು ಅದೊಂದೇ. ಬಣ್ಣದ ಕವರ್. ಪಿಯಾನೋಗೆ ಒರಗಿ ನಗುವ ಒಬ್ಬ ಗಂಡಸು, ಒಬ್ಬಳು ಹೆಂಗಸು. ಇಬ್ಬರೂ ಹೆಸರು ಮಾಡಿದ ಹಾಡುಗಾರರು. ಇಬ್ಬರೂ ಸೇರಿ ಹಾಡಿದ ಹನ್ನೆರಡು ಹಾಡು... ಒಂದೊಂದೂ ಪ್ರಶಸ್ತಿ ಗೆದ್ದ ಇಂಗ್ಲಿಷ್ ಸಿನಿಮಾ ಹಾಡು! ನಮ್ಮ ಧಣಿ ಅಹ್ಮದ್ ಬಾವ ಅವರ ಅಳಿಯ ಯೂಸುಫ್ ಹಡಗಿನಲ್ಲಿ ಸ್ಟೂವರ್ಡ್. ಮೂರು ಲುಂಗಿಗಳ ನಡುವೆ ಬಚ್ಚಿಟ್ಟು ತಂದ ಲಾಂಗ್‌ಪ್ಲೇ. ಮಂಗಳೂರಿನಲ್ಲಿ ಬೇರೆ ಯಾರ ಹತ್ತಿರವೂ ಇಲ್ಲ. ಕವರಿನ ಫೋಟೋ ಚಂದ ಉಂಟು ಅಂತ ಆ ಮನೆಯ ಅತ್ತೆ ಅದನ್ನು ಶೋಕೇಸಿನಲ್ಲಿ ಇಟ್ಟರು. ಪ್ಲೇಟನ್ನು ಮೈಕ್‌ಸೆಟ್‌ನವರಿಗೆ ಕೊಟ್ಟರು!

"ಪೆಟ್ಟಿಗೆ ಎಲ್ಲಿ?"

"ವಾಮಂಜೂರು. ಅಲ್ಲೊಂದು ಮದುವೆ. ಅದು ಮುಗಿಸಿ ಸಾಯಂಕಾಲ ಬಿಜೈಗೆ, ಪೊರ್ಬುಗಳ ಮನೆಗೆ."

"ಶೀನಪ್ಪಣ್ಣನ ಮಷೀನಿನಲ್ಲಿ ಎಂಥ ಸೂಜಿ?"

"ಎಂಥ ಅಂದ್ರೆ? ಸ್ಟೀಲ್!"

ಕಂಕುಳಿನ ಖಾಲಿ ಕವರನ್ನು ಇನ್ನೂ ಬಿಗಿಯಾಗಿ ಹಿಡಿದೆ.

ನಿಮಗೆ ಗೊತ್ತಿರಲಿಕ್ಕಿಲ್ಲ. ಹಳೇ ಪ್ಲೇಟ್ ಮಿನಿಟಿಗೆ ಎಪ್ಪತ್ತೆಂಟು ಸುತ್ತು. ಅದಕ್ಕೆ ಉಕ್ಕಿನ ಸೂಜಿ ಸರಿ. ಲಾಂಗ್‌ಪ್ಲೇಗೆ ಮೂವತ್ತಮೂರು. ಅದರ ಗೆರೆ ಕೂದಲಷ್ಟು ಸಪೂರ. ಉಕ್ಕಿನ ಸೂಜಿ ಇಟ್ಟರೆ ಗದ್ದೆಗೆ ನೇಗಿಲು ಇಳಿಸಿದ ಹಾಗೆ. ಒಂದು ಸಲ ಕೇಳಬಹುದು. ಆಮೇಲೆ ಬರೇ ಕರಕರ!

ಲೈಬ್ರರಿಯ ಗೋಡೆಯಲ್ಲಿ ಒಂದು ಬೋರ್ಡ್ ಉಂಟು. "ಲಾಂಗ್‌ಪ್ಲೇಗೆ ಸ್ಟೀಲ್ ಸೂಜಿ ಹಾಕಿದವರ ಮೆಂಬರ್‌ಶಿಪ್ ರದ್ದು. ಯಾರಿಗೂ ವಿನಾಯಿತಿ ಇಲ್ಲ." ಬರೆದದ್ದು ನಾನೇ. 'ಯಾರಿಗೂ' ಅನ್ನುವುದರ ಅಡಿಗೆ ಗೆರೆ ಎಳೆದದ್ದೂ ನಾನೇ.

ಆದರೆ ಆಗ ನನ್ನ ತಲೆಯಲ್ಲಿ ಬೋರ್ಡ್ ಇರಲಿಲ್ಲ. ಲಿಗೋರಿ ಇದ್ದರು, ಊರವರು ಗೌರವದಿಂದ ಪೊರ್ಬುಗಳು ಅನ್ನುವವರು.

ಮೂವತ್ತು ವರ್ಷ ಈ ಊರಿನ ಎಲ್ಲರ ಮದುವೆಗೆ ಬ್ಯಾಂಡ್ ಬಾರಿಸಿದ ಮಾಸ್ಟರ್. ಅವರ ಕಾರ್ನೆಟ್ ಮೊದಲ ಸ್ವರ ಊದದೆ ಬ್ಯಾಂಡಿನವರು ಒಂದು ಹೆಜ್ಜೆ ಇಡುವುದಿಲ್ಲ, ಅದು ಅವರ ಕ್ರಮ. ಹೋದ ತಿಂಗಳು ಎದುರಿನ ನಾಲ್ಕು ಹಲ್ಲು ಕೀಳಿಸಬೇಕಾಯಿತು. ಈಗ ಊದಿದರೆ ಬರೇ ಗಾಳಿ! ಇವತ್ತು ಒಬ್ಬಳೇ ಮಗಳು ಅಪೊಲಿನ್‌ಳ ಮದುವೆ. ಇಗರ್ಜಿಯಲ್ಲಿ ಪಾದ್ರಿಗಳ ಮುಂದೆ ಮದುವೆ ಮುಗಿಸಿ ನಾಲ್ಕು ಗಂಟೆಗೆ ಮದುಮಕ್ಕಳು ಮನೆಯ ಚಪ್ಪರಕ್ಕೆ ಬರುತ್ತಾರೆ. ಆಗ ಆ ಲಾಂಗ್‌ಪ್ಲೇಯ ಮೂರನೇ ಹಾಡು ಊದಿ ಒಳಗೆ ಕರೆಯುತ್ತೇನೆ ಅಂತ ಮಗಳಿಗೆ ಅಪ್ಪನ ಮಾತು.

"ಬಾಯಿ ಹೋಯ್ತು, ದೇಯಿಬಾಯಿ," ಅಂದಿದ್ದರು ಲೈಬ್ರರಿಗೆ ಬಂದು. "ಪ್ಲೇಟ್ ಕೊಡಿ. ಮೊದಲ ಸ್ವರ ಅದು ಹೇಳ್ಲಿ."

ಕೊಟ್ಟೆ. ಜವಾಬ್ದಾರಿ ನನ್ನದು ಅಂದೆ. ಈಗ ನೋಡಿ!

"ನಡಿ!" ಅಂದೆ ಅಯ್ಯೂಬನಿಗೆ.

"ನಾನ್ಯಾಕೆ?"

"ದಾರಿ ಗೊತ್ತಿರುವುದು ನಿನಗೆ. ಕತ್ತಿ ಇಲ್ಲೇ ಇರಲಿ."

ಬಸ್ಸು ಹೊರಟಿತ್ತು. ಓಡಿದೆವು. ಅಯ್ಯೂಬ್ ಹಿಂದಿನ ಏಣಿ ಹಿಡಿದ. ನಾನು ಕೊಡೆಯ ಹಿಡಿಯನ್ನು ಬಾಗಿಲ ಕಂಬಿಗೆ ಸಿಕ್ಕಿಸಿದೆ.

"ಅಯ್ಯೋ! ಎಂತ ಟೀಚರಮ್ಮ ಇದು!" ಕಂಡಕ್ಟರ್ ಕಿರುಚಿದ.

"ಟೀಚರ್ ಅಲ್ಲ! ಎಳಿ ಒಳಗೆ!"

ಎಳೆದ. ಬಸ್ಸು ಪ್ರತಿ ಕಟ್ಟೆಗೂ ನಿಂತಿತು. ಹಾಲಿನ ಕ್ಯಾನು ಇಳಿಸಿತು. ಕೋಳಿ ಹತ್ತಿಸಿತು. ನಾನು ವಾಚು ನೋಡುತ್ತಾ ಕೂತೆ.

ವಾಮಂಜೂರಿನಲ್ಲಿ ಇಳಿದಾಗ ಗದ್ದೆಯ ಆಚೆ ಲೌಡ್‌ಸ್ಪೀಕರ್ ಹಾಡುತ್ತಿತ್ತು.

ನಿಂತುಬಿಟ್ಟೆ.

ಇಂಗ್ಲಿಷ್ ಹಾಡು! ಗಂಡಸು, ಹೆಂಗಸು, ಇಬ್ಬರೂ... ಆದರೆ ಇಬ್ಬರಿಗೂ ಸುಂಡಿಲಿಯ ಧ್ವನಿ! ಎಪ್ಪತ್ತೆಂಟರ ವೇಗದಲ್ಲಿ ಕಿಚಕಿಚ ಕಿಚಕಿಚ!

"ಯಾವ ಹಾಡು ಇದು?" ಅಯ್ಯೂಬ್ ಕೇಳಿದ.

ಕಿವಿಗೊಟ್ಟೆ.

"ಎರಡನೇದು! ಓಡು!"

ಗದ್ದೆಯ ಅಂಚಿನ ಹುಣಿಯ ಮೇಲೆ ಓಡಿದೆವು. ಒಂದು ಚಪ್ಪಲಿ ಕೆಸರಿಗೆ ಹೋಯಿತು. ಹೋಗಲಿ! ಚಪ್ಪರದಲ್ಲಿ ಜನ ಬಿದ್ದು ಬಿದ್ದು ನಗುತ್ತಿದ್ದರು. ಒಬ್ಬ ಮುದುಕ ಕುಣಿಯುತ್ತಿದ್ದ.

"ಭಾರೀ ಕಾಮಿಕ್ ಉಂಟು ಮಾರಾಯ್ರೇ!" ಅಂದ ನನಗೆ. "ಕುಳ್ಳಿರಿ, ಊಟ ಮಾಡಿ!"

ಮೂಲೆಯಲ್ಲಿ ಶೀನಪ್ಪ. ಬೀಡಿ. ಮುಂದೆ ಮಷೀನು. ಎರಡನೇ ಹಾಡು ಕಿಚ್ ಅಂತ ಮುಗಿಯಿತು. ಸೂಜಿ ಖಾಲಿ ಗೆರೆಗೆ ಬಂತು... ಮೂರನೇದಕ್ಕೆ ಒಂದು ಕೂದಲು ಬಾಕಿ...

ಕೊಡೆಯನ್ನು ಚಾಚಿದೆ. ತುದಿ ಸೂಜಿಯ ಕೈಯ ಅಡಿಗೆ ಹೋಯಿತು. ಎತ್ತಿದೆ!

ಕುಣಿಯುತ್ತಿದ್ದ ಮುದುಕ ಒಂದು ಕಾಲಲ್ಲೇ ನಿಂತ.

"ಮೂರನೇ ಹಾಡು ಮುಟ್ಟಬೇಡಿ!"

ಶೀನಪ್ಪನ ಬೀಡಿ ತುಟಿಯಿಂದ ನೇತಾಡಿತು. "ಯಾಕೆ ದೇಯಕ್ಕ? ಅದರಲ್ಲಿ ಬಾಂಬ್ ಉಂಟಾ?"

"ಲಿಗೋರಿ ಪೊರ್ಬುಗಳ ಮಾನ ಉಂಟು."

ವಿಷಯ ಹೇಳಿದೆ. ಅವನ ಮುಖ ಸಣ್ಣದಾಯಿತು. "ನನಗೆ ಗೊತ್ತಾಗ್ಲಿಲ್ಲ ಮಾರಾಯ್ತಿ. ದೊಡ್ಡ ಪ್ಲೇಟ್ ಅಲ್ವಾ, ದೊಡ್ಡ ಸೌಂಡ್ ಬರಬಹುದು ಅಂತ..."

ಪ್ಲೇಟನ್ನು ಬೆಳಕಿಗೆ ಹಿಡಿದೆ. ಮೊದಲ ಎರಡು ಹಾಡು ಬೂದಿ ಬಣ್ಣ. ಮೂರನೇದು ಕಪ್ಪಗೆ ಮಿನುಗುತ್ತಿತ್ತು. ಕವರಿಗೆ ಹಾಕಿದೆ. ಎದೆಗೆ ಅವಚಿಕೊಂಡೆ.

ನಾಲ್ಕಕ್ಕೆ ಹತ್ತು ಮಿನಿಟು. ಬಿಜೈ. ಲಿಗೋರಿಯವರ ಅಂಗಳ. ಲೈಬ್ರರಿಯ ಕರೆಂಟಿನ ಪ್ಲೇಯರ್ ಮೇಜಿನ ಮೇಲೆ ತಯಾರು. ಅದಕ್ಕೆ ಹಗುರದ, ನಯವಾದ ಸೂಜಿ. ಬ್ಯಾಂಡಿನ ಆರು ಮಂದಿ ಕೆಂಪು ಕೋಟು ಹಾಕಿ ಗೇಟಿನ ಹತ್ತಿರ. ಲಿಗೋರಿ ಬಿಳಿ ಸೂಟಿನಲ್ಲಿ, ಬಾಯಿಗೆ ಕರ್ಚೀಫು ಹಿಡಿದು ನನ್ನನ್ನು ನೋಡಿ ನಕ್ಕರು.

"ಪ್ಲೇಟ್ ಹೋಯ್ತು ಅಂತ ಮಾಡಿದ್ದೆ, ಬಾಯಿ!"

"ಸಿಕ್ಕಿದೆ, ಪೊರ್ಬುಗಳೇ."

ರಸ್ತೆಯ ತಿರುವಿನಲ್ಲಿ ಕಾರಿನ ಹಾರ್ನ್! ಮದುಮಕ್ಕಳು!

"ಲೈಟ್ ಹಾಕ್ತೇನೆ!" ನಮ್ಮ ಜೊತೆಗೇ ಬಂದಿದ್ದ ಶೀನಪ್ಪ ಉತ್ಸಾಹದಲ್ಲಿ ಕೂಗಿದ. ಹಿಂದಿನ ದಿನವೇ ಚಪ್ಪರ ತುಂಬಾ ಬಣ್ಣದ ಬಲ್ಬು ಕಟ್ಟಿದ್ದ. ಸ್ವಿಚ್ ಒತ್ತಿದ.

ಠಪ್!

ಬಲ್ಬೂ ಇಲ್ಲ. ಪ್ಲೇಯರೂ ಇಲ್ಲ. ಫ್ಯೂಸ್ ಢಮಾರ್!

"ಬ್ಯಾಟರಿ?" ಅಂದೆ.

"ವಾಮಂಜೂರಿನಲ್ಲಿ ಬೆಳಿಗ್ಗಿಂದ ಹಾಡಿ ಸತ್ತಿತು."

ಕಾರು ಗೇಟಿಗೆ ಬಂತು. ಅಪೊಲಿನ್ ಇಳಿದಳು. ಬಿಳಿ ಸೀರೆ, ಕೈಯಲ್ಲಿ ಹೂ. ನಿಂತಳು. ಕಾದಳು. ಬ್ಯಾಂಡಿನವರು ಮಾಸ್ಟರ್ ಕಡೆ ನೋಡಿದರು. ಮಾಸ್ಟರ್ ಅಭ್ಯಾಸಬಲದಿಂದ ಕಾರ್ನೆಟ್ ತುಟಿಗೆ ಎತ್ತಿದರು...

ಫುಸ್!

ಯಾರೋ ಕಿಸಕ್ಕೆಂದರು. ಲಿಗೋರಿಯವರ ಕಿವಿ ಕೆಂಪಾಯಿತು. ಕಾರ್ನೆಟ್ ಇಳಿಸಿದರು. ಮಗಳ ಕಡೆ ನೋಡಲಿಲ್ಲ.

ನಾನು ನೋಡಿದೆ. ಜಗಲಿಯ ಮೂಲೆಯಲ್ಲಿ ಅವರ ಹಳೇ ಕೀಲಿ ಗ್ರಾಮೊಫೋನ್. ಕರೆಂಟ್ ಬೇಡ. ಬ್ಯಾಟರಿ ಬೇಡ.

ಬೇಕಾದ್ದು ಒಂದೇ.

"ಶೀನಪ್ಪಣ್ಣ, ಸೂಜಿ ಕೊಡಿ."

"ಯಾವ ಸೂಜಿ?"

"ನಿಮ್ಮ ಹತ್ತಿರ ಎಷ್ಟು ನಮೂನೆ ಉಂಟು?"

ಅವನು ಸೂಜಿ ತುಂಬಿದ ಬೆಂಕಿಪೆಟ್ಟಿಗೆಯನ್ನು ಹಿಂದಕ್ಕೆ ಎಳೆದುಕೊಂಡ. "ಬೇಡ ಅಕ್ಕ! ನೀವೇ ಬೈದದ್ದಲ್ವಾ? ಇಟ್ರೆ ಮುಗೀತು!"

"ಒಂದು ಸಲ ಹಾಡ್ತದೆ. ಅದು ಸಾಕು."

ಅಯ್ಯೂಬ್ ಕೀಲಿ ತಿರುಗಿಸಿದ. ನಾನು ಪ್ಲೇಟ್ ಇಟ್ಟೆ. ಮೂರನೇ ಹಾಡಿನ ಅಂಚಿಗೆ ಉಕ್ಕಿನ ಸೂಜಿ ಇಳಿಸಿದೆ.

ಕಿಚಕಿಚ!

"ನಿಧಾನ ಮಾಡಿ!"

ಶೀನಪ್ಪ ಹೆಬ್ಬೆರಳನ್ನು ತಿರುಗುವ ತಟ್ಟೆಯ ಅಂಚಿಗೆ ಒತ್ತಿದ. ಸುಂಡಿಲಿ ಬೆಕ್ಕಾಯಿತು. ಬೆಕ್ಕು ಹೆಂಗಸಾಯಿತು. ಹೆಂಗಸು ಗಂಡಸಾದಳು!

"ಜಾಸ್ತಿಯಾಯ್ತು! ಬಿಡಿ, ಬಿಡಿ!"

ಲಿಗೋರಿ ಜಗಲಿ ಹತ್ತಿ ಬಂದರು. ಹಾಡು ಅವರಿಗೆ ಬಾಯಿಪಾಠ. ಶೀನಪ್ಪನ ಕಣ್ಣೆದುರು ಕೈ ಎತ್ತಿ ತಾಳ ಹಾಕಿದರು. "ಮೆಲ್ಲ... ಹಾಂ... ಹಾಗೇ ಹಿಡಿ, ಪುತ್ತಾ..."

ಮತ್ತೆ, ನಂಬುತ್ತೀರಾ ಬಿಡುತ್ತೀರಾ, ಆ ಹಳೇ ಪೆಟ್ಟಿಗೆಯಿಂದ ಹಾಡು ಬಂತು. ಸಣ್ಣಗೆ, ಕರಕರ ನಡುವೆ. ಅವಳೊಂದು ಸಾಲು, ಅವನೊಂದು ಸಾಲು. ಗೇಟಿನ ಹತ್ತಿರ ಕ್ಲಾರಿನೆಟ್ಟಿನವನಿಗೆ ಮೊದಲ ಸ್ವರ ಸಿಕ್ಕಿತು. ಎತ್ತಿಕೊಂಡ. ಹಿಂದೆ ಟ್ರೊಂಬೋನ್. ಹಿಂದೆ ಡ್ರಮ್ಮು! ಬ್ಯಾಂಡ್ ಹೆಜ್ಜೆ ಹಾಕಿತು!

ಅಪೊಲಿನ್ ಗಂಡನ ಕೈ ಹಿಡಿದು ನಡೆದು ಬಂದಳು. ಲಿಗೋರಿ ಕರ್ಚೀಫು ಬಿಸಾಡಿದರು. ಹಲ್ಲಿಲ್ಲದ ಬಾಯಿ ತೆರೆದು, ಎಲ್ಲರಿಗಿಂತ ಗಟ್ಟಿಯಾಗಿ, ಹಾಡಿದರು.

"ಪಪ್ಪಾ, ಹಲ್ಲು!" ಅಂದಳು ಮಗಳು, ನಗುತ್ತಾ ಅಳುತ್ತಾ.

"ಕಾಣ್ಲಿ ಬಿಡು! ಇಲ್ಲದ್ದು ಕಾಣುವುದು ಹೇಗೆ?"

ಮರುದಿನ ಬೆಳಿಗ್ಗೆ ಅಹ್ಮದ್ ಬಾವ ಪ್ಲೇಟನ್ನು ಕಿಟಕಿಗೆ ಹಿಡಿದು ನೋಡಿದರು. ತುಂಬಾ ಹೊತ್ತು ನೋಡಿದರು.

"ಮೂರು ಹಾಡು ಹೋಗಿದೆ."

"ಒಂಬತ್ತು ಉಂಟು, ಧಣಿಗಳೇ."

"ಎರಡು ಶೀನಪ್ಪನ ಲೆಕ್ಕ. ಮೂರನೇದು ಯಾರದ್ದು?"

ಸುಳ್ಳು ಹೇಳಬಹುದಿತ್ತು. ಬೋರ್ಡ್ ನನ್ನನ್ನೇ ನೋಡುತ್ತಿತ್ತು.

"ನನ್ನದು."

ಅವರು ಕನ್ನಡಕ ತೆಗೆದರು. ಒರೆಸಿದರು. ಮೀಸೆಯೊಳಗೆ ಏನೋ ಅಲುಗಿತು.

"ಹಾಡು ಹೇಗೆ ಬಂತು?"

"ಚೆನ್ನಾಗಿ ಬಂತು."

"ಹಾಗಾದ್ರೆ ರೂಲ್ಸ್ ರೂಲ್ಸೇ," ಅಂದು ಚಾಕ್‌ಪೀಸ್ ನನ್ನ ಕೈಗೆ ಕೊಟ್ಟರು.

ಈಗಲೂ ಹಂಪನಕಟ್ಟೆಗೆ ಬಂದರೆ ಮಹಡಿ ಹತ್ತಿ ನೋಡಿ. ಮೆಂಬರ್‌ಶಿಪ್ ರದ್ದಾದವರ ಪಟ್ಟಿಯಲ್ಲಿ ಒಂದೇ ಹೆಸರು ಉಂಟು... ಅಕ್ಷರ ಮಾತ್ರ ಬಹಳ ದುಂಡಗೆ ಬಂದಿದೆ.