ಗೋಲ್‌ಕೀಪರ್ ಮೇಲೆ ದೂರು ಹೇಳಿದವಳು

"ರೀ! ಯಾರ್ರೀ ಅದು? ಈಗಷ್ಟೇ ಬೀಜ ಹಾಕಿದ್ದೀನಿ ಅಲ್ಲಿ, ಕಣ್ಣು ಕಾಣಲ್ವಾ?"

ಬೆಳಗ್ಗೆ ಏಳು ಗಂಟೆ. ಫುಟ್‌ಬಾಲ್ ಕ್ಲಬ್ಬಿನ ಮೈದಾನ ನೋಡಿಕೊಳ್ಳುವ ಅವಳು, ನೀರಿನ ಪೈಪನ್ನು ಅಲ್ಲೇ ಎಸೆದು ಗೋಲಿನ ಕಡೆ ಓಡಿದಳು.

ಗೋಲಿನ ಮುಂದೆ ನಿಂತಿದ್ದ ತೆಳ್ಳನೆಯ ಆಸಾಮಿ ತಿರುಗಿ, ಮೆಲ್ಲಗೆ ಟೋಪಿ ತೆಗೆದ. ಬೋಳು ತಲೆ ಬಿಸಿಲಿಗೆ ಮಿಂಚಿತು.

"ತಪ್ಪಾಯ್ತು ಕಣ್ರೀ. ನನ್ನ ತಲೆ ಮೇಲಂತೂ ಇನ್ನೂ ಏನೂ ಮೊಳೆತಿಲ್ಲ. ನಿಮ್ಮ ಹುಲ್ಲಾದ್ರೂ ಮೊಳೀಲಿ."

ಅಯ್ಯೋ! ಇವನು... ಗೋಲ್‌ಕೀಪರ್!

ಕ್ಲಬ್ಬಿನ ಬಾಗಿಲಲ್ಲಿ ಆಳೆತ್ತರದ ಫೋಟೋ ಇದ್ದವನು. ರಕ್ತದ ಕ್ಯಾನ್ಸರ್ ಬಂದು ಹನ್ನೊಂದು ತಿಂಗಳು ಆಸ್ಪತ್ರೆಗೂ ಮನೆಗೂ ಅಲೆದವನು. ಇನ್ನು ಆಡುವುದಿಲ್ಲ ಎಂದು ಎಲ್ಲರೂ ಮನಸ್ಸಿನಲ್ಲೇ ಬೀಳ್ಕೊಟ್ಟಿದ್ದವನು.

"ಕ್ಷಮಿಸಿ... ಗುರುತು ಸಿಗ್ಲಿಲ್ಲ."

"ಬೇಡ ಬೇಡ! ಹನ್ನೊಂದು ತಿಂಗಳಿಂದ ಎಲ್ಲರೂ ನನ್ನ ಹತ್ರ ಪಿಸುಪಿಸು ಅಂತಾನೇ ಮಾತಾಡ್ತಿದ್ದಾರೆ. ಹೀಗೆ ಬೈಸ್ಕೊಂಡು ಎಷ್ಟು ದಿನ ಆಗಿತ್ತು ಗೊತ್ತಾ!"

ಅವಳಿಗೆ ನಗು ತಡೆಯಲಾಗಲಿಲ್ಲ.

ಮರುದಿನದಿಂದ ಅವನು ದಿನಾ ಬಂದ. ತಂಡದವರು ಬರುವ ಮೊದಲು ಪಕ್ಕದ ಚಿಕ್ಕ ಮೈದಾನದಲ್ಲಿ ಅವಳು ಚೆಂಡು ಒದೆಯುವಳು, ಅವನು ಹಿಡಿಯುವನು. ಮೊದಲ ದಿನ ನಾಲ್ಕನೆಯ ಚೆಂಡಿಗೇ ಕುಸಿದು ಕುಳಿತ.

"ಪಾಪ ಅನ್ನಲ್ವಾ?" ಏದುಸಿರು ಬಿಡುತ್ತಾ ಕೇಳಿದ.

"ನಿಮಗ್ಯಾಕೆ? ನಾಲ್ಕರಲ್ಲಿ ಹಿಡಿದದ್ದು ಒಂದು. ಪಾಪ ಅಂದ್ರೆ ಆ ಚೆಂಡಿಗೆ ಅನ್ಬೇಕು!"

ಮೂರನೇ ತಿಂಗಳಿಗೆ ನಾಲ್ಕು ಹೋಗಿ ನಲವತ್ತಾಯಿತು. 'ನೀವು' ಹೋಗಿ 'ನೀನು' ಯಾವಾಗ ಬಂತೋ ಇಬ್ಬರಿಗೂ ತಿಳಿಯಲಿಲ್ಲ. ಗೇಟಿನ ಸದ್ದಾದರೆ ಅವಳ ಎದೆ ಡವಡವ!

ಕೋಚ್ ಭಾನುವಾರದ ಪಂದ್ಯದ ಪಟ್ಟಿಯಲ್ಲಿ ಅವನ ಹೆಸರು ಬರೆದರು.

ಪಂದ್ಯಕ್ಕೆ ಎರಡೇ ದಿನ. ಬಿದ್ದವನನ್ನು ಎಬ್ಬಿಸಲು ಕೈ ಕೊಟ್ಟ ಅವಳು ಬೆಚ್ಚಿದಳು. ಅಂಗೈ ಕೆಂಡದಂತೆ ಸುಡುತ್ತಿತ್ತು.

"ಜ್ವರ ಬಂದಿದೆ ನಿನಗೆ!"

"ಶ್... ಯಾರಿಗೂ ಹೇಳ್ಬೇಡ. ಇದೊಂದು ಪಂದ್ಯ ಆಡಿಬಿಡ್ತೀನಿ. ಪ್ಲೀಸ್..."

ಹೇಳಿದರೆ ಅವನ ಕನಸು ಮುರಿಯುತ್ತದೆ. ಹೇಳದಿದ್ದರೆ...?

ಅವಳು ನೇರವಾಗಿ ಕ್ಲಬ್ಬಿನ ಡಾಕ್ಟರ ಕೋಣೆಗೆ ನಡೆದಳು.

ಸಂಜೆಯೊಳಗೆ ಪಟ್ಟಿಯಿಂದ ಅವನ ಹೆಸರು ಹೋಯಿತು. ಅವನು ಬಿರುಗಾಳಿಯಂತೆ ಬಂದ.

"ನಿನಗೂ ನಾನು ರೋಗೀನೇ ಅಲ್ವಾ? ನೀನೊಬ್ಬಳಾದ್ರೂ ನನ್ನ ನಂಬಿದ್ದೀಯ ಅಂದ್ಕೊಂಡಿದ್ದೆ!"

"ಎಷ್ಟು ಬೇಕಾದ್ರೂ ಬೈಯಿ. ಆದ್ರೆ... ಬದುಕಿದ್ದು ಬೈಯಿ."

ಅವನು ತಿರುಗಿ ನೋಡದೆ ಹೋದ.

ಒಂಬತ್ತು ದಿನ ಸುದ್ದಿಯೇ ಇಲ್ಲ. ಹುಲ್ಲು ಕತ್ತರಿಸುವ ಯಂತ್ರ ಅವಳ ಕೈಯಲ್ಲಿ ಅಡ್ಡಾದಿಡ್ಡಿ ಓಡಿತು. ನನ್ನನ್ನು ದ್ವೇಷಿಸುತ್ತಿದ್ದಾನೆ... ದ್ವೇಷಿಸಲಿ. ಚೆನ್ನಾಗಿರಲಿ, ಸಾಕು.

ಹತ್ತನೆಯ ದಿನ ಅವನ ಅಕ್ಕ ಬಂದರು.

"ದೂರು ಹೇಳಿದವಳು ನೀನೇನಾ?"

ಅವಳು ತಲೆತಗ್ಗಿಸಿದಳು. ಅಕ್ಕ ಬಾಚಿ ತಬ್ಬಿಕೊಂಡರು!

"ಶ್ವಾಸಕೋಶಕ್ಕೆ ಸೋಂಕು ಶುರುವಾಗಿತ್ತಂತೆ. ಇನ್ನೆರಡು ದಿನ ತಡವಾಗಿದ್ರೆ... ಬೇಡ ಬಿಡು. ಈಗ ಹುಷಾರಾಗಿದ್ದಾನೆ. ನಿನಗೆ ಮುಖ ತೋರ್ಸೋಕೆ ನಾಚಿಕೆ ಅಂತ ಕೂತಿದ್ದಾನೆ, ಕತ್ತೆ!"

"ಕಳ್ಸಿ ಅಕ್ಕ," ಕಣ್ಣೊರೆಸಿಕೊಂಡು ನಕ್ಕಳು. "ನನ್ನ ಬೈಗುಳ ಇನ್ನೂ ಬಾಕಿ ಇದೆ."

ಮರುದಿನವೇ ಅವನು ಬಂದ. ಎದುರು ನಿಂತು, "ನಿನ್ನನ್ನ ನಂಬದೇ ಇದ್ದದ್ದು ನಾನು," ಎಂದ. ಅವಳು ಬೈಯಲು ಕೂಡಿಟ್ಟದ್ದೆಲ್ಲ ಮರೆತೇ ಹೋಯಿತು.

ಆರು ವಾರದ ನಂತರ ಅವನು ಆಡಿದ. ಹತ್ತನೇ ನಿಮಿಷಕ್ಕೇ ಚೆಂಡು ಅವನ ಕಾಲುಗಳ ನಡುವೆ ನುಸುಳಿ ಗೋಲಾಯಿತು. ಅವಳು ಮುಖ ಮುಚ್ಚಿಕೊಂಡಳು. ಆಮೇಲೆ ಮಾತ್ರ ಒಂದನ್ನೂ ಬಿಡಲಿಲ್ಲ! ಕೊನೆಯಲ್ಲಿ ಎಡಕ್ಕೆ ಹಾರಿ ಬೆರಳ ತುದಿಯಿಂದ ತಳ್ಳಿದ ಚೆಂಡಿಗೆ ಜನ ಎದ್ದು ನಿಂತು ಕಿರುಚಿದರು. ಎರಡೂ ತಂಡಕ್ಕೆ ಒಂದೊಂದು ಗೋಲು, ಪಂದ್ಯ ಸಮ.

ಅವನು ಕೋಚನ್ನೂ ಅಕ್ಕನನ್ನೂ ದಾಟಿ ಸೀದಾ ಅವಳ ಮುಂದೆ ಬಂದು ನಿಂತ. ಮೈಯೆಲ್ಲ ಮಣ್ಣು, ಬೆವರು.

"ಇನ್ನೂ ಎರಡು ವರ್ಷ, ಮೂರು ತಿಂಗಳಿಗೊಮ್ಮೆ ರಕ್ತ ಪರೀಕ್ಷೆ ಮಾಡಿಸ್ಬೇಕು. ಒಬ್ಬನೇ ಹೋಗೋಕೆ ಭಯ ಆಗುತ್ತೆ. ಜೊತೆಗೆ ಬರ್ತೀಯಾ?"

ಅವಳ ಕಣ್ಣು ತುಂಬಿತು. "ಎರಡೇ ವರ್ಷಾನಾ?"

"ಆಮೇಲೆ ಪರೀಕ್ಷೆ ಇಲ್ಲದಿದ್ರೂ ಬಾ... ಜೀವನಪೂರ್ತಿ."

"ಬರ್ತೀನಿ," ಎಂದು ಅವನ ಕೆನ್ನೆಯ ಮಣ್ಣು ಒರೆಸಿದಳು. "ಈಗ ಹೋಗಿ ಸ್ನಾನ ಮಾಡು, ಮಹಾರಾಯ!"